ಗೆಜ್ಜೆ, ಮಂಟಪ ಮತ್ತು ಬಸವಿ: ಗಡಿಸೀಮೆಯಿಂದ ಒಂದು ಚಿತ್ರಕಥೆಯ ಓದು

1969ರ ‘ಗೆಜ್ಜೆಪೂಜೆ’ ಎರಡು ವರ್ಷಗಳ ಅನಂತರ ತೆಲುಗಿಗೆ ಹೋದಾಗ ‘ಕಲ್ಯಾಣ ಮಂಟಪಂ’ ಎಂಬ ಹೆಸರು ಪಡೆಯಿತು. ಕನ್ನಡದ ಶೀರ್ಷಿಕೆ ಹೆಣ್ಣನ್ನು ಮದುವೆಯಿಂದ ಹೊರಗಿಡುವ ವಿಧಿಯನ್ನು ಹೆಸರಿಸುತ್ತದೆ. ತೆಲುಗಿನದು ಆಕೆಗೆ ದಕ್ಕದ ಮಂಟಪವನ್ನು. ತಮಿಳಿನ ‘ತಾಳಿಯಾ ಸಲಂಗೈಯಾ’ ತಾಳಿಯನ್ನೂ ಗೆಜ್ಜೆಯನ್ನೂ ಎದುರುಬದುರಾಗಿ ನಿಲ್ಲಿಸಿತು.

ಕನ್ನಡ, ತೆಲುಗು ಎರಡನ್ನೂ ಮನೆಮಾತಿನ ಸಲಿಗೆಯಿಂದ ಬಳಸುವ ಎಮ್ಮಿಗನೂರು, ಆದವಾನಿ, ಆಲೂರುಗಳ ಸೀಮೆಯಲ್ಲಿ ನಿಂತು ನೋಡಿದರೆ ಈ ಎದುರುಬದುರು ಅಷ್ಟು ಸರಳವಾಗಿ ನಿಲ್ಲುವುದಿಲ್ಲ. ಆದವಾನಿ ತಾಲೂಕು ಬಳ್ಳಾರಿ ಜಿಲ್ಲೆಗೆ ಸೇರಿದ್ದ ಕಾಲದಲ್ಲಿ, 19ನೆಯ ಶತಮಾನದ ಕೊನೆಗೆ, ಎಫ್. ಫಾಸೆಟ್ ಎಂಬ ಅಧಿಕಾರಿ ಆ ಜಿಲ್ಲೆಯ ಬಸವಿ ಪದ್ಧತಿಯನ್ನು ಕುರಿತು ಬರೆದನು. ಗಂಡುಮಕ್ಕಳಿಲ್ಲದ ತಂದೆ ಮಗಳನ್ನು ದೇವರಿಗೆ ಬಿಡುತ್ತಿದ್ದನು. ಆಕೆ ತವರಿನಲ್ಲೇ ಉಳಿದು ಮಗನಂತೆ ಆಸ್ತಿಗೆ ಹಕ್ಕುದಾರಳಾಗುತ್ತಿದ್ದಳು. ಆಕೆಯ ಮಕ್ಕಳು ತಾತನ ವಂಶಕ್ಕೆ ಸಲ್ಲುತ್ತಿದ್ದರು. ಬಸವಿಯ ಕೊರಳಿಗೂ ತಾಳಿ ಬೀಳುತ್ತಿತ್ತು. ಅಂದರೆ ತಾಳಿಯೊಂದೇ ಅವಳನ್ನು ಗೃಹಿಣಿಯಿಂದ ಬೇರೆಯಾಗಿಸುವ ಗುರುತಲ್ಲ.

ಎಂ.ಕೆ. ಇಂದಿರಾ ಅವರ ಕಾದಂಬರಿಯನ್ನು ಆಧರಿಸಿದ ಪುಟ್ಟಣ್ಣ ಕಣಗಾಲರ ಚಿತ್ರದ ಕಥೆ ಬೇರೆ ಸಮಾಜದ್ದು. ಕಲ್ಪನಾ ಅಭಿನಯಿಸಿದ ಚಂದ್ರಾಳ ಮದುವೆಗೆ ಅಡ್ಡ ಬರುವುದು ತಾಯಿಯ ಕುಲವೃತ್ತಿ ಮತ್ತು ತಂದೆಯ ಹೆಸರಿಲ್ಲದಿರುವುದು. ಕೊನೆಗೆ ಗೆಜ್ಜೆಪೂಜೆಯ ದಿನವೇ ಅವಳು ಸಾಯುತ್ತಾಳೆ. ತಂದೆಯ ಹೆಸರಿನ ಕೊರತೆಯನ್ನೇ ದುರಂತದ ಬೇರಾಗಿಸಿದ್ದರಿಂದ ಚಿತ್ರಕ್ಕೆ ತೀವ್ರತೆ ಬಂದಿದೆ, ನಿಜ. ಆದರೆ ಬಳ್ಳಾರಿ ಸೀಮೆಯ ಬಡ ಕುಟುಂಬದಲ್ಲಿ ಹೆಣ್ಣನ್ನು ಬಿಡಲು ಕಾರಣವಾಗುತ್ತಿದ್ದ ಹೊಲ, ವಾರಸುದಾರಿಕೆ, ಮುಪ್ಪಿನ ಆಸರೆಗಳು ಅದರ ಚೌಕಟ್ಟಿನೊಳಗೆ ಬರುವುದಿಲ್ಲ. ಹಾಗೆಂದು ಬಸವಿಯ ಆಸ್ತಿಹಕ್ಕನ್ನು ಸ್ವಾತಂತ್ರ್ಯವೆಂದು ಕೊಂಡಾಡುವುದೂ ಅವಸರದ ಮಾತು. ಬಿಡುವ ತೀರ್ಮಾನ ಆಕೆಯದಾಗಿರಲಿಲ್ಲ.

ಕಾನೂನಿನ ಹಾದಿಯೂ ಗಡಿಯಲ್ಲಿ ಕವಲೊಡೆಯಿತು. 1947ರ ಮದರಾಸು ಕಾಯಿದೆ ಇಡೀ ಬಳ್ಳಾರಿ ಜಿಲ್ಲೆಗೆ ಅನ್ವಯಿಸುತ್ತಿತ್ತು. 1953ರ ಅಕ್ಟೋಬರ್ 1ರಂದು ಆದವಾನಿ, ಆಲೂರು, ರಾಯದುರ್ಗ ತಾಲೂಕುಗಳು ಆಂಧ್ರಕ್ಕೆ ಸೇರಿ, ಬಳ್ಳಾರಿ ಮೈಸೂರಿಗೆ ಬಂದಿತು. ಕರ್ನಾಟಕ 1982ರಲ್ಲಿ ಹೊಸ ಕಾಯಿದೆ ರೂಪಿಸಿತು, ಆಂಧ್ರಪ್ರದೇಶ 1988ರಲ್ಲಿ. ‘ಬಸವಿ’ ಎಂಬ ಕನ್ನಡ ಮಾತು ಆಂಧ್ರದ ಆ ಕಾಯಿದೆಯೊಳಗೆ ಜೋಗಿಣಿ, ಮಾತಮ್ಮ ಎಂಬ ಹೆಸರುಗಳ ಪಕ್ಕದಲ್ಲಿ ಕುಳಿತಿದೆ. ತೆಲುಗಿನ ಚಿತ್ರ ಗೆಜ್ಜೆಯನ್ನು ಶೀರ್ಷಿಕೆಯಿಂದ ಕೈಬಿಟ್ಟ 17 ವರ್ಷಗಳ ಮೇಲೆ, ತೆಲುಗು ನಾಡಿನ ಶಾಸನ ಆ ವಿಧಿಯ ಹೆಸರನ್ನು ಕನ್ನಡದಲ್ಲಿಯೇ ಉಳಿಸಿಕೊಂಡಿತು.