ಙಂಕರಿಗಳ ವೈದ್ಯ

ಆಸ್ಟ್ರೇಲಿಯಾದ ಮಧ್ಯಭಾಗದಲ್ಲಿ, ಮಸ್‌ಗ್ರೇವ್ ಪರ್ವತಶ್ರೇಣಿಯ ಸುತ್ತಣ ಕೆಮ್ಮಣ್ಣಿನ ಮರುಭೂಮಿಯಲ್ಲಿ ಅನಾದಿಯಿಂದ ನೆಲೆಸಿರುವ ಪಿಟ್ಜಂಟ್ಜಾರ ಮೂಲನಿವಾಸಿಗಳಲ್ಲಿ ಙಂಕರಿ ಎಂಬ ವೈದ್ಯಪರಂಪರೆಯುಂಟು. ಮನುಷ್ಯನ ಚೇತನವನ್ನು ಅವರು ಕುರುನ್ಪ ಎನ್ನುವರು. ಭಯದಿಂದಲೋ ಶೋಕದಿಂದಲೋ ಅದು ಸ್ವಸ್ಥಾನದಿಂದ ಕದಲಿದರೆ ದೇಹವೂ ಮನಸ್ಸೂ ಒಡನೆಯೇ ಕುಗ್ಗುವುವೆಂದೂ, ಅದನ್ನು ಅರಸಿ ತಂದು ಮರಳಿ ನೆಲೆಗೊಳಿಸುವುದೇ ಚಿಕಿತ್ಸೆಯೆಂದೂ ಅವರ ಮತ. ಸ್ತ್ರೀಯರೂ ಪುರುಷರೂ ಈ ವಿದ್ಯೆಗೆ ಅಧಿಕಾರಿಗಳು. ಹಲವರಿಗೆ ಅದು ಬಾಲ್ಯದಲ್ಲಿಯೇ ಅಜ್ಜ ಅಜ್ಜಿಯರಿಂದ ಬಂದುದು. ಅವರು ಕೈಯಿಂದ ನೀವಿ, ಉಸಿರನ್ನೂದಿ, ನೋವನ್ನು ಹೊರತೆಗೆಯುವರು. ರೋಗಿಯನ್ನು ಅವನ ನೆಲದಿಂದಲೂ ಬಂಧುಗಳಿಂದಲೂ ಬೇರ್ಪಡಿಸಿ ನೋಡುವ ಪದ್ಧತಿ ಈ ವೈದ್ಯದಲ್ಲಿಲ್ಲ.

ಬೇರ್ಪಡಿಸುವುದೇ ರಾಜ್ಯನೀತಿಯಾದ ಕಾಲವೂ ಬಂದಿತು. ಇಪ್ಪತ್ತನೆಯ ಶತಮಾನದ ಬಹುಭಾಗದಲ್ಲಿ ಸರಕಾರಗಳೂ ಚರ್ಚುಗಳೂ ಮೂಲನಿವಾಸಿಗಳ ಮಕ್ಕಳನ್ನು ತಾಯಂದಿರಿಂದ ಕಿತ್ತು ಅನಾಥಾಲಯಗಳಿಗೆ ಒಯ್ದವು. ವೈದ್ಯರಾದ ಚಾರ್ಲ್ಸ್ ಡೂಗಿಡ್ ಅವರ ಒತ್ತಾಯದಿಂದ 1937ರಲ್ಲಿ ಅರ್ನಬೆಲ್ಲಾದಲ್ಲಿ ಸ್ಥಾಪಿತವಾದ ಮಿಷನ್ ಮಾತ್ರ ಜನರ ಆಚಾರಗಳಿಗೆ ಕೈಹಾಕದೆ, ಅವರ ನುಡಿಯಲ್ಲಿಯೇ ಪಾಠ ಹೇಳಿತು. ಮಿಷನರಿಗಳ ಚರಿತ್ರೆಯಲ್ಲಿ ಇಂತಹ ಸಂಯಮ ಅಪರೂಪವೇ ಸರಿ. ಆದರೂ ಅರಿಷ್ಟ ತಪ್ಪಲಿಲ್ಲ: 1953ರ ಅಕ್ಟೋಬರದಲ್ಲಿ ಬ್ರಿಟಿಷರು ಎಮು ಬಯಲಿನಲ್ಲಿ ಪರಮಾಣು ಬಾಂಬನ್ನು ಸ್ಫೋಟಿಸಿದಾಗ ಕರಿಯ ಮಂಜೊಂದು ತಮ್ಮ ಬೀಡುಗಳ ಮೇಲೆ ಹರಿದು ಬಂದಿತೆಂದು ಆ ಪ್ರಾಂತದ ಹಿರಿಯರು ಮುಂದೆ ವಿಚಾರಣಾ ಆಯೋಗದ ಎದುರು ಸಾಕ್ಷ್ಯ ನುಡಿದರು. ಇಂತಹ ದುಃಖಕ್ಕೆ ನಗರದ ಹುಚ್ಚಾಸ್ಪತ್ರೆಯಲ್ಲಿ, ಭಾಷೆಯರಿಯದ ವೈದ್ಯನ ಮುಂದೆ, ಒಬ್ಬಂಟಿಯಾಗಿ ಕುಳಿತು ಪರಿಹಾರ ಪಡೆಯುವುದೆಂತು?

ಉತ್ತರವನ್ನು ಜನರೇ ಕಂಡುಕೊಂಡರು. 1971ರಲ್ಲಿ ಸಿಡ್ನಿಯ ರೆಡ್‌ಫರ್ನ್‌ನಲ್ಲಿ ಅವರದೇ ಆಡಳಿತದ ವೈದ್ಯಾಲಯ ತಲೆಯೆತ್ತಿತು. 1980ರಲ್ಲಿ ಮರುಭೂಮಿಯ ಮೂರು ಭಾಷಾಸಮುದಾಯಗಳ ಹೆಂಗಸರು ತಮ್ಮದೇ ಪರಿಷತ್ತನ್ನು ಕಟ್ಟಿದರು. ತೊಂಬತ್ತರ ದಶಕದ ಕೊನೆಗೆ ಆ ಪರಿಷತ್ತು ಙಂಕರಿಗಳನ್ನು ಸಂಬಳ ಕೊಟ್ಟು ನೇಮಿಸಿಕೊಂಡು ಹಳ್ಳಿಗಳಿಗೂ ಆಸ್ಪತ್ರೆಗಳಿಗೂ ಸೆರೆಮನೆಗಳಿಗೂ ಕಳುಹಿಸಿತು. ದಾಕ್ತರರ ಔಷಧವನ್ನು ಙಂಕರಿಗಳು ಹಳಿದವರಲ್ಲ. ಕುರುನ್ಪದ ಕೆಲಸ ತಮ್ಮದೆಂದು ಹೇಳಿದರಷ್ಟೆ. 2011ರಲ್ಲಿ ಅವರಿಗೆ ಸಿಗ್ಮಂಡ್ ಫ್ರಾಯ್ಡನ ಹೆಸರಿನ ಪ್ರಶಸ್ತಿಯೂ ಸಂದಿತು. ಅದನ್ನು ಫ್ರಾಯ್ಡನ ಭಾಗ್ಯವೆನ್ನುವುದೇ ಉಚಿತವೆಂದು ನನಗೆ ತೋರುವುದು. ಪ್ರಶಸ್ತಿಗಿಂತ ತೂಕವುಳ್ಳದ್ದು ಶಾಸನ: ಮೂಲನಿವಾಸಿಗಳ ಚಿಕಿತ್ಸೆಯಲ್ಲಿ, ಸಾಧ್ಯವೂ ಉಚಿತವೂ ಆದೆಡೆ, ಅವರ ಸಮುದಾಯದ ಸಾಂಪ್ರದಾಯಿಕ ವೈದ್ಯರ ಸಹಕಾರವನ್ನು ಪಡೆಯತಕ್ಕದ್ದೆಂದು ದಕ್ಷಿಣ ಆಸ್ಟ್ರೇಲಿಯಾದ 2009ರ ಮಾನಸಿಕ ಆರೋಗ್ಯ ಕಾಯಿದೆ ವಿಧಿಸಿದೆ.