ಪುಕ್ಕಟೆ ಸಿಗಬೇಕಿದ್ದ ಡೂಮ್ (ಭಾಗ 3)

ಹಿಂದಿನ ಪೋಸ್ಟಲ್ಲಿ 1993ರ ಡೂಮ್ ಬಗ್ಗೆ ಬರೆದಿದ್ದೆ. ಇವತ್ತು 1996ರ ಫೈನಲ್ ಡೂಮ್. ಹೆಸರು ಕೇಳಿ ಪೂರ್ತಿ ಹೊಸ ಗೇಮ್ ಅಂದ್ಕೋಬೇಡಿ. ಎಂಜಿನ್ ಡೂಮ್ 2ರದ್ದೇ, ರಾಕ್ಷಸರು ಅವರೇ, ಬಂದೂಕುಗಳೂ ಅವೇ. ಹೊಸದು ಅಂದ್ರೆ 64 ಲೆವೆಲ್. ಅವನ್ನ ಕಟ್ಟಿದೋರು ಕಂಪನಿ ನೌಕರರಲ್ಲ, ಮನೇಲಿ ಕೂತು ಡೂಮ್ ಆಡ್ತಿದ್ದ ಅಭಿಮಾನಿಗಳು!

ಅದು ಹೇಗೆ ಸಾಧ್ಯ ಆಯ್ತು? ಇಡ್ ಸಾಫ್ಟ್‌ವೇರ್‌ನ ಜಾನ್ ಕಾರ್ಮ್ಯಾಕ್ ಗೇಮ್ ನಡೆಸೋ ಪ್ರೋಗ್ರಾಮನ್ನೇ ಬೇರೆ, ನಕ್ಷೆ, ಚಿತ್ರ, ಶಬ್ದ ಎಲ್ಲಾ ಇರೋ ವ್ಯಾಡ್ ಫೈಲನ್ನೇ ಬೇರೆ ಮಾಡಿಟ್ಟಿದ್ದ. ಹೊಸ ವ್ಯಾಡ್ ಹಾಕಿದ್ರೆ ಹೊಸ ಲೆವೆಲ್. 1994ರಲ್ಲೇ ಅಭಿಮಾನಿಗಳು ಎಡಿಟರ್ ಬರೆದ್ರು, ತಾವು ಮಾಡಿದ್ದನ್ನ ನೆಟ್‌ನಲ್ಲಿ ಸುಮ್ನೆ ಹಂಚಿದ್ರು.

ಅಂಥದ್ದೇ ಒಂದು ಗುಂಪು ಟೀಮ್‌ಟಿಎನ್‌ಟಿ. ನೆಟ್ ಮೂಲಕವೇ ಸೇರ್ಕೊಂಡು 32 ಲೆವೆಲ್‌ನ 'ಎವಿಲ್ಯೂಷನ್' ಕಟ್ಟಿದ್ರು. 1995ರ ಕೊನೆಗೆ ಉಚಿತವಾಗಿ ಬಿಡ್ತೀವಿ ಅಂತ ಹೇಳಿದ್ದೂ ಆಗಿತ್ತು. ಜನ ಕಾಯ್ತಾ ಕೂತಿದ್ದಾಗ, ಕೊನೇ ಗಳಿಗೆಯಲ್ಲಿ ಇಡ್ ಅದನ್ನ ಕೊಂಡುಕೊಳ್ತು. ಪುಕ್ಕಟೆ ಮಾತು ಅಲ್ಲಿಗೆ ಮುಗೀತು. ಅಭಿಮಾನಿಗಳು ಕೆಂಡಾಮಂಡಲ. ನಾವು ಅಕೌಂಟ್ಸ್ ಕ್ಲಾಸಲ್ಲಿ ಗುಡ್‌ವಿಲ್ ಲೆಕ್ಕ ಹಾಕ್ತೀವಲ್ಲ, ಆ ತಂಡದ ಗುಡ್‌ವಿಲ್ ಒಂದೇ ದಿನದಲ್ಲಿ ರೈಟ್ ಆಫ್ ಆಯ್ತು. ನಿದ್ದೆಗೆಟ್ಟು ದುಡಿದೋರಿಗೆ ದುಡ್ಡು ಬಂದ್ರೆ ತಪ್ಪೇನು ಅಂತ ನಂಗೂ ಅನ್ಸುತ್ತೆ. ಆದ್ರೆ ಕೊಟ್ಟ ಮಾತು? ಇದಕ್ಕೆ ನನ್ನತ್ರ ಇನ್ನೂ ಉತ್ತರ ಇಲ್ಲ.

ಉಳಿದ 32 ಲೆವೆಲ್ 'ಪ್ಲುಟೋನಿಯಾ'. ಡಾರಿಯೋ, ಮೈಲೋ ಕಸಾಲಿ ಅನ್ನೋ ಅಣ್ಣತಮ್ಮಂದಿರಿಬ್ಬರದೇ ಕೆಲಸ, ಅದೂ ಕೆಲವೇ ತಿಂಗಳಲ್ಲಿ. ತಾನು ಮಾಡಿದ ಲೆವೆಲ್ ತನಗೇ ಸುಲಭ ಅನ್ಸಿದ್ರೆ ಡಾರಿಯೋ ಅದನ್ನ ಇನ್ನೂ ಕಷ್ಟ ಮಾಡ್ತಿದ್ನಂತೆ. 'ಹಂಟೆಡ್' ಅನ್ನೋ ಲೆವೆಲ್ ಆಡಿ ನೋಡಿ: ಚಕ್ರವ್ಯೂಹದಂಥ ಓಣಿಗಳು, ಮೂಲೆ ತಿರುಗಿದ್ರೆ ಆರ್ಚ್‌ವೈಲ್. ರಾತ್ರಿ ಲೈಟ್ ಆರಿಸಿ ಆಡಿದ್ದು ನನ್ನದೇ ತಪ್ಪು ಬಿಡಿ. ಇದೇ ಡಾರಿಯೋ ಮುಂದೆ ವಾಲ್ವ್ ಸೇರಿ 1998ರ ಹಾಫ್-ಲೈಫ್‌ಗೆ ದುಡಿದ.

ಇನ್ನೊಂದು ಮಜಾ ಕೇಳಿ. ಎವಿಲ್ಯೂಷನ್‌ನ 31ನೇ ಲೆವೆಲ್ ಮುಗಿಸೋಕೆ ಹಳದಿ ಕೀ ಬೇಕು. ಅದು ಮಲ್ಟಿಪ್ಲೇಯರ್‌ನಲ್ಲಿ ಮಾತ್ರ ಕಾಣೋ ಹಾಗೆ ಸೆಟ್ ಆಗ್ಬಿಟ್ಟಿತ್ತು. ದುಡ್ಡು ಕೊಟ್ಟು ತಂದು ಒಬ್ಬನೇ ಆಡೋನು ಅಲ್ಲೇ ಲಾಕ್. ಆಮೇಲೆ ಟೀಮ್‌ಟಿಎನ್‌ಟಿಯೇ ಸರಿ ಮಾಡಿದ ಫೈಲ್ ಬಿಡ್ತು. ಅದು ಮಾತ್ರ ಪುಕ್ಕಟೆ.

ಮುಂದಿನ ಭಾಗ: 2005ರ ರೆಸರೆಕ್ಷನ್ ಆಫ್ ಈವಿಲ್.