ಯೋಜಕನೊಬ್ಬನ ಚರಿತ್ರೆ: ಪಾಂಡಂಡ ಕುಟ್ಟಪ್ಪನವರೂ ಕೊಡವ ಹಾಕಿ ಉತ್ಸವವೂ

ಆಟಗಳ ಚರಿತ್ರೆಯಲ್ಲಿ ಆಡಿದವರ ಹೆಸರು ಉಳಿಯುವುದು. ಆಡಿಸಿದವರ ಹೆಸರು ಅಳಿಯುವುದು. ಮೈದಾನವನ್ನು ಹದಗೊಳಿಸಿ, ಗೆರೆಗಳನ್ನೆಳೆಯಿಸಿ, ಯಾರು ಯಾರೊಡನೆ ಯಾವ ದಿನ ಆಡತಕ್ಕದ್ದೆಂಬುದನ್ನು ಗೊತ್ತುಮಾಡಿ, ಬಂದವರಿಗೆ ಅನ್ನಪಾನಗಳನ್ನು ಅಣಿಗೊಳಿಸಿ, ವಿವಾದವೆದ್ದಾಗ ಸಮಾಧಾನವನ್ನು ಹೇಳುವವನಿಗೆ ಸಂಸ್ಕೃತದಲ್ಲಿ ಯೋಜಕನೆಂಬ ಹೆಸರು ಸಲ್ಲುವುದು. ಈ ಶಬ್ದವು ‘ಯುಜ್’ ಎಂಬ ಧಾತುವಿನಿಂದ ಬಂದುದು. ಬೇರೆ ಬೇರೆಯಾಗಿರುವುದನ್ನು ಒಂದೇ ನೊಗಕ್ಕೆ ಹೂಡುವುದೆಂದು ಅದರ ಭಾವ. ಜರ್ಮನಿಯೇ ಮೊದಲಾದ ದೇಶಗಳಲ್ಲಿ ಈ ಕಾರ್ಯವು ಒಂದು ವೃತ್ತಿಯಾಗಿದೆ. ಕಲೋನ್ ನಗರದಲ್ಲಿ 1947ರಲ್ಲಿ ಸ್ಥಾಪಿತವಾದ ಕ್ರೀಡಾ ವಿಶ್ವವಿದ್ಯಾಲಯದಲ್ಲಿ ಕ್ರೀಡಾವ್ಯವಸ್ಥೆಯನ್ನು ಶಾಸ್ತ್ರವಾಗಿಯೇ ಕಲಿಸುತ್ತಾರೆ. ಕೊಡಗಿನಲ್ಲಿಯಾದರೋ ಬ್ಯಾಂಕಿನ ನೌಕರಿಯಲ್ಲಿದ್ದ ಒಬ್ಬ ಗೃಹಸ್ಥರು ಯಾವ ವಿಶ್ವವಿದ್ಯಾಲಯದ ನೆರವೂ ಇಲ್ಲದೆ ಇದನ್ನು ಸಾಧಿಸಿದರು. ಅವರೇ ಪಾಂಡಂಡ ಕುಟ್ಟಪ್ಪನವರು. ನಾಡಿನ ಜನ ಅವರನ್ನು ಸಲಿಗೆಯಿಂದ ಕುಟ್ಟಣಿಯೆಂದು ಕರೆಯುತ್ತಿದ್ದರು.

ಕುಟ್ಟಪ್ಪನವರು ಹಾಕಿ ಪಂದ್ಯಗಳಲ್ಲಿ ತೀರ್ಪುಗಾರರಾಗಿ ನುರಿತವರು. ತೀರ್ಪುಗಾರನ ಕೆಲಸವು ವಿಲಕ್ಷಣವಾದುದು. ಅವನು ಮೈದಾನದ ನಡುವೆಯೇ ಓಡಾಡುತ್ತಿದ್ದರೂ ಚೆಂಡನ್ನು ಮುಟ್ಟುವಂತಿಲ್ಲ. ಯಾರ ಗೆಲವನ್ನೂ ಬಯಸುವಂತಿಲ್ಲ. ಅವನ ಕಾರ್ಯವು ಚೆನ್ನಾಗಿ ನಡೆದ ದಿನ ಅವನು ಅಲ್ಲಿದ್ದನೆಂಬುದೇ ನೋಡುವವರ ನೆನಪಿನಲ್ಲಿ ಉಳಿಯದು. ಮುಂದೆ ಅವರು ಕಟ್ಟಿದ ಉತ್ಸವದ ಸ್ವರೂಪವನ್ನು ವಿಚಾರಿಸಿದರೆ, ಈ ತೀರ್ಪುಗಾರನ ಮನೋಧರ್ಮವೇ ಅದರಲ್ಲಿ ಆದ್ಯಂತವಾಗಿ ಹರಿದಿರುವುದು ಕಾಣುತ್ತದೆ.

ಕೊಡಗಿನಲ್ಲಿ ಹಾಕಿಗೆ ಮೊದಲೇ ಒಳ್ಳೆಯ ನೆಲೆಯಿದ್ದಿತು. ಸೈನ್ಯದಲ್ಲಿ ಸೇವೆ ಸಲ್ಲಿಸುವುದು ಮನೆತನದ ಮರ್ಯಾದೆಯೆಂದು ಬಗೆದ ನಾಡಿನಲ್ಲಿ ಸೈನಿಕರ ಪ್ರಿಯವಾದ ಈ ಆಟವು ಬೇರೂರಿದುದು ಸಹಜ. 1972ರಲ್ಲಿ ಜರ್ಮನಿಯ ಮ್ಯೂನಿಕ್ ನಗರದಲ್ಲಿ ನಡೆದ ಒಲಿಂಪಿಕ್ ಕ್ರೀಡೆಗಳಲ್ಲಿ ಕಂಚಿನ ಪದಕವನ್ನು ಪಡೆದ ಭಾರತೀಯ ತಂಡದಲ್ಲಿ ಎಂ. ಪಿ. ಗಣೇಶ್, ಬಿ. ಪಿ. ಗೋವಿಂದ ಎಂಬ ಕೊಡಗಿನ ವೀರರಿಬ್ಬರಿದ್ದರು. 1980ರ ಮಾಸ್ಕೋ ಕ್ರೀಡೆಗಳಲ್ಲಿ ಚಿನ್ನವನ್ನು ಗೆದ್ದ ತಂಡದಲ್ಲಿ ಎಂ. ಎಂ. ಸೋಮಯ್ಯನವರು ಆಡಿದರು. ಆದುದರಿಂದ ಕುಟ್ಟಪ್ಪನವರಿಗೆ ಆಟಗಾರರ ಕೊರತೆಯಿರಲಿಲ್ಲ. ಅವರ ಮನಸ್ಸನ್ನು ಕಾಡಿದ ಕೊರತೆ ಬೇರೆಯದು. ಮನೆತನಗಳು ದೂರವಾಗುತ್ತಿದ್ದುವು, ಯುವಕರು ಉದ್ಯೋಗಕ್ಕಾಗಿ ಬೆಂಗಳೂರು, ಮೈಸೂರು, ಪರದೇಶಗಳನ್ನು ಸೇರಿದ್ದರು, ಒಂದೇ ಮೂಲದವರು ಮದುವೆಗೋ ಸಾವಿಗೋ ಅಲ್ಲದೆ ಒಟ್ಟಿಗೆ ಕೂಡುವುದು ವಿರಳವಾಗಿದ್ದಿತು. ಮನೆತನಗಳನ್ನು ಒಂದೆಡೆ ಸೇರಿಸುವುದು, ಅಡಗಿದ್ದ ಆಟಗಾರರನ್ನು ಬೆಳಕಿಗೆ ತರುವುದು, ಇವೆರಡೇ ಅವರ ಉದ್ದೇಶ.

ಇಲ್ಲಿ ‘ಒಕ್ಕ’ವೆಂಬುದನ್ನು ಸ್ವಲ್ಪ ವಿವರಿಸಬೇಕು. ಕೊಡವರಲ್ಲಿ ಒಬ್ಬ ಮೂಲಪುರುಷನ ಸಂತತಿಯವರೆಲ್ಲರೂ ಒಂದು ಒಕ್ಕ. ಅವರಿಗೆ ಒಂದು ಮನೆಹೆಸರು, ಒಂದು ಐನ್‌ಮನೆ, ಹಿರಿಯನಾದ ಒಬ್ಬ ಪಟ್ಟೆದಾರ. ಸಾಮಾನ್ಯವಾಗಿ ಪಂದ್ಯಾವಳಿಗಳನ್ನು ನಡೆಸುವವರು ಸಂಘಗಳನ್ನೋ ಶಾಲೆಗಳನ್ನೋ ಊರುಗಳನ್ನೋ ಆಹ್ವಾನಿಸುತ್ತಾರೆ. ಕುಟ್ಟಪ್ಪನವರು ಒಕ್ಕಗಳನ್ನು ಆಹ್ವಾನಿಸಿದರು. ಇದರಿಂದ ಎರಡು ಪ್ರಯೋಜನಗಳಾದುವು. ಮೊದಲನೆಯದಾಗಿ, ಹಣವನ್ನಿತ್ತು ಹೊರಗಿನ ಶೂರರನ್ನು ತರುವ ದಾರಿ ಮುಚ್ಚಿತು. ಒಕ್ಕದಲ್ಲಿ ಯಾರಿದ್ದಾರೋ ಅವರೇ ಆಡಬೇಕು. ಎರಡನೆಯದಾಗಿ, ಹನ್ನೊಂದು ಮಂದಿಯನ್ನು ಕೂಡಿಸಬೇಕಾದರೆ ಚಿಕ್ಕ ಮನೆತನವು ಹುಡುಗರನ್ನೂ, ನಡುವಯಸ್ಸು ದಾಟಿದವರನ್ನೂ, ಹೆಣ್ಣುಮಕ್ಕಳನ್ನೂ ಕರೆಯಲೇಬೇಕಾಯಿತು. ಗಂಡಸರೂ ಹೆಂಗಸರೂ ಒಂದೇ ತಂಡದಲ್ಲಿ ಆಡುವುದು, ರಾಷ್ಟ್ರೀಯ ಕೀರ್ತಿಯ ಆಟಗಾರನು ತನ್ನ ದಾಯಾದಿಯ ಪುಟ್ಟ ಮಗನಿಗೆ ಚೆಂಡನ್ನು ಒಪ್ಪಿಸುವುದು ಈ ಉತ್ಸವದಲ್ಲಿ ವಿಶೇಷವೆನಿಸದು.

1997ರಲ್ಲಿ ಕರಡ ಗ್ರಾಮದಲ್ಲಿ ಪಾಂಡಂಡ ಒಕ್ಕದ ಹೆಸರಿನಲ್ಲಿ ಮೊದಲ ಉತ್ಸವವು ನಡೆಯಿತು. 60 ಒಕ್ಕಗಳು ಬಂದುವು. ಅಲ್ಲಿಗೇ ಅದು ಮುಗಿದಿದ್ದರೆ ಒಂದು ಮನೆತನದ ಔದಾರ್ಯವೆಂದು ಜನ ನಾಲ್ಕು ದಿನ ಹೊಗಳಿ ಮರೆಯುತ್ತಿದ್ದರು. ಪ್ರತಿವರ್ಷವೂ ಪಾಂಡಂಡದವರೇ ಅದನ್ನು ನಡೆಸಿದ್ದರೆ ಅದು ಅವರ ಪ್ರತಿಷ್ಠೆಯ ಸ್ತಂಭವಾಗಿ, ಇತರರ ಮನಸ್ಸಿನಲ್ಲಿ ಮತ್ಸರವು ಮೊಳೆಯುತ್ತಿದ್ದಿತು. ಹಾಗಾಗಲಿಲ್ಲ. ಪ್ರತಿವರ್ಷವೂ ಬೇರೊಂದು ಒಕ್ಕವು ಆತಿಥ್ಯವನ್ನು ವಹಿಸಿಕೊಳ್ಳುವುದು. ಆ ವರ್ಷದ ಉತ್ಸವಕ್ಕೆ ಅದರ ಹೆಸರೇ ಸಲ್ಲುವುದು. 1998ರಲ್ಲಿ ಕೋಡಿರ, 1999ರಲ್ಲಿ ಬಲ್ಲಚಂಡ, 2000ದಲ್ಲಿ ಚೆಪ್ಪುಡಿರ, ಹೀಗೆ ಭಾರವೂ ಗೌರವವೂ ಮನೆಯಿಂದ ಮನೆಗೆ ಸಾಗಿದುವು. ಚೆಪ್ಪುಡಿರ ಉತ್ಸವಕ್ಕೆ ಪೊನ್ನಂಪೇಟೆಯೇ ನೆಲೆಯಾಯಿತು. ಕೃತಕ ಹುಲ್ಲಿನ ಹಾಕಿ ಮೈದಾನವಿರುವ ಈ ಊರಿನೊಡನೆ ಉತ್ಸವದ ನಂಟು ಅಂದಿನಿಂದ ಬಂದುದು. ತಾನು ನೆಟ್ಟ ಗಿಡಕ್ಕೆ ಇತರರ ಹೆಸರನ್ನಿಡಲು ಒಪ್ಪುವವರು ಲೋಕದಲ್ಲಿ ಹೆಚ್ಚಿಲ್ಲ. ಕೊಡವ ಹಾಕಿ ಅಕಾಡೆಮಿಯ ಅಧ್ಯಕ್ಷರಾಗಿ ಕುಟ್ಟಪ್ಪನವರು ಉತ್ಸವದ ಕಟ್ಟಳೆಯನ್ನು ಕಾಯ್ದರು. ಸಿಂಹಾಸನವನ್ನು ಮಾತ್ರ ವರ್ಷಕ್ಕೊಬ್ಬರಿಗೆ ಬಿಟ್ಟುಕೊಟ್ಟರು.

ಇಂಥ ಉತ್ಸವವನ್ನು ನಡೆಸುವುದು ಎಷ್ಟು ಶ್ರಮದ ಕೆಲಸವೆಂಬುದು ಗಣಿತದಿಂದಲೇ ತಿಳಿಯುವುದು. ಸೋತವರು ಹೊರಗೆ ಹೋಗುವ ಪದ್ಧತಿಯಲ್ಲಿ ಒಂದೊಂದು ಪಂದ್ಯವೂ ಒಂದು ತಂಡವನ್ನು ಕಳುಹಿಸುತ್ತದೆ. ಆದುದರಿಂದ 60 ತಂಡಗಳಿಗೆ 59 ಪಂದ್ಯಗಳು ಬೇಕು, 360 ತಂಡಗಳಿಗೆ 359. ಸಂಖ್ಯೆಯು ಎರಡು, ನಾಲ್ಕು, ಎಂಟು ಎಂಬ ಇಮ್ಮಡಿಯ ಸಾಲಿನಲ್ಲಿ ಕೂಡದಿದ್ದರೆ ಕೆಲವರನ್ನು ಮೊದಲ ಸುತ್ತಿನಲ್ಲಿ ಆಡಿಸದೆ ಮುಂದಕ್ಕೆ ಬಿಡಬೇಕು. 360 ತಂಡಗಳಿದ್ದರೆ 208 ತಂಡಗಳು ಮೊದಲು ಆಡಿ, ಗೆದ್ದ 104ರೊಡನೆ ಆಡದೆ ನಿಂತ 152 ಸೇರಿ 256 ಆಗುವುದು; ಅಲ್ಲಿಂದ ಮುಂದೆ ಲೆಕ್ಕವು ಸರಾಗ. ಯಾರನ್ನು ಆಡಿಸಬೇಕು, ಯಾರನ್ನು ಬಿಡಬೇಕು ಎಂಬಲ್ಲಿ ಪಕ್ಷಪಾತದ ಶಂಕೆಯೊಂದು ಹುಟ್ಟಿದರೂ ನೂರು ಮನೆಗಳ ಮನಸ್ಸು ಕೆಡುವುದು. ಬೇಸಗೆಯ ಕೆಲವೇ ವಾರಗಳಲ್ಲಿ, ಮುಂಗಾರು ಇಳಿಯುವುದರೊಳಗೆ, ಇಷ್ಟೆಲ್ಲವೂ ಮುಗಿಯಬೇಕು.

ಆಕ್ಷೇಪಗಳೂ ಇಲ್ಲದಿಲ್ಲ. ಖರ್ಚು ವರ್ಷದಿಂದ ವರ್ಷಕ್ಕೆ ಬೆಳೆಯಿತು. ಸರಕಾರದ ಸಹಾಯಧನವನ್ನು ನಿರೀಕ್ಷಿಸುವಂತಾಯಿತು. ಚಿಕ್ಕ ಒಕ್ಕವೊಂದು ಈ ಆತಿಥ್ಯದ ಭಾರವನ್ನು ಹೊರುವುದು ಸುಲಭವಲ್ಲ. ಕುಲದ ಹೆಸರಿನಲ್ಲಿ ಆಡುವುದರಿಂದ ಕುಲಾಭಿಮಾನವು ಮಿತಿಮೀರಬಹುದೆಂಬ ಭಯವೂ ನ್ಯಾಯವಾದುದೇ. ಆದರೆ ಪ್ರತಿವರ್ಷವೂ ಒಂದು ಒಕ್ಕವನ್ನುಳಿದು ಮಿಕ್ಕವೆಲ್ಲವೂ ಸೋತು ಮನೆಗೆ ಹೋಗುವ ಕಣದಲ್ಲಿ ಅಭಿಮಾನಕ್ಕೆ ತಕ್ಕ ಮದ್ದೂ ಇರುವುದು. ಕೊಡಗಿನ ಗೌಡರೇ ಮೊದಲಾದ ಇತರ ಸಮಾಜದವರೂ ಕುಟುಂಬಗಳ ನಡುವೆ ಪಂದ್ಯಾವಳಿಗಳನ್ನು ನಡೆಸುತ್ತ ಬಂದಿರುವುದು ಈ ಮಾದರಿಯು ನಾಡಿಗೆ ಒಗ್ಗಿತೆಂಬುದಕ್ಕೆ ಸಾಕ್ಷಿ.

ನಿಜವಾದ ಪರೀಕ್ಷೆ ಬಂದುದು ಮಳೆಯ ರೂಪದಲ್ಲಿ. 2018ರಲ್ಲಿ ನಾಪೋಕ್ಲುವಿನಲ್ಲಿ ಕುಲ್ಲೇಟಿರ ಉತ್ಸವವು ವೈಭವದಿಂದ ಮುಗಿಯಿತು, ಅದು 22ನೆಯದು. ಆ ವರ್ಷದ ಆಗಸ್ಟ್ ತಿಂಗಳಲ್ಲಿ ಗುಡ್ಡಗಳು ಕುಸಿದುವು; ಮನೆಗಳೂ ತೋಟಗಳೂ ಕೊಚ್ಚಿಹೋದುವು; ಪ್ರಾಣಹಾನಿಯಾಯಿತು. ಶೋಕದಲ್ಲಿದ್ದ ನಾಡಿಗೆ ಆಟವು ಸಲ್ಲದೆಂದು 2019ರ ಉತ್ಸವವು ನಿಂತಿತು. ಅದರ ಬೆನ್ನಿಗೇ ಕೋವಿಡ್ ಮಹಾಮಾರಿ ಬಂದಿತು. ಹೀಗೆ ನಾಲ್ಕು ವರ್ಷ ಉತ್ಸವವಿಲ್ಲವಾಯಿತು. ಈ ಮೌನದ ನಡುವೆಯೇ, 2020ರಲ್ಲಿ, ಕುಟ್ಟಪ್ಪನವರು ದಿವಂಗತರಾದರು. ತಾವು ಆರಂಭಿಸಿದುದು ಮತ್ತೆ ನಡೆಯುವುದನ್ನು ಕಾಣುವ ಭಾಗ್ಯ ಅವರಿಗೆ ದೊರೆಯಲಿಲ್ಲ.

ಸ್ಥಾಪಕನೂ ಇಲ್ಲ, ಅಭ್ಯಾಸವೂ ತಪ್ಪಿತು ಎಂಬ ಸ್ಥಿತಿಯಲ್ಲಿ ಎಷ್ಟೋ ಸಂಸ್ಥೆಗಳು ಹೇಳಹೆಸರಿಲ್ಲದಂತಾಗುವುದುಂಟು. 2023ರಲ್ಲಿ ಅಪ್ಪಚೆಟ್ಟೋಳಂಡ ಒಕ್ಕದವರು ನಾಪೋಕ್ಲುವಿನಲ್ಲಿ 23ನೆಯ ಉತ್ಸವವನ್ನು ನಡೆಸಿದಾಗ 336 ತಂಡಗಳು ಕಣಕ್ಕಿಳಿದುವು. 2024ರಲ್ಲಿ ಕುಂಡ್ಯೋಳಂಡ ಉತ್ಸವದಲ್ಲಿ ತಂಡಗಳು 360 ಆಗಿ, ಜಗತ್ತಿನ ಅತಿ ದೊಡ್ಡ ಹಾಕಿ ಪಂದ್ಯಾವಳಿಯೆಂದು ಗಿನ್ನೆಸ್ ಪುಸ್ತಕದ ಮನ್ನಣೆ ದೊರೆಯಿತು. 2025ರಲ್ಲಿ ಮಡಿಕೇರಿಯ ಮುದ್ದಂಡ ಉತ್ಸವದಲ್ಲಿ ಅವು 396 ಆದುವು. ಅದು 25ನೆಯ ವರ್ಷ.

ಕುಟ್ಟಪ್ಪನವರ ಜೀವಿತಕಾರ್ಯವನ್ನು ಅಳೆಯಬೇಕಾದರೆ 1997ರ 60ನ್ನು ನೋಡಿದರೆ ಸಾಲದು. ಅವರಿಲ್ಲದ 2023ರ 336ನ್ನು ನೋಡಬೇಕು. ಕೂಡಿಸಿದವನು ಎದ್ದುಹೋದ ಮೇಲೆಯೂ ಕೂಡಿದವರು ಕೂಡಿಯೇ ಇದ್ದಾರೆ.